ನೀಲ್ ಫಾಕ್ಸ್, 6,220 ಅಂಕ: ಪದೇ ಪದೇ ಕೇಳುವ ಪ್ರಶ್ನೆಗಳು

ರಗ್ಬಿ ಲೀಗ್‌ನ ಹಳೆಯ ದಾಖಲೆಗಳ ಮಾತು ಬಂದಾಗ ಈ ಹೆಸರು ಬಂದೇ ಬರುತ್ತದೆ. ಹಿಂದೆಯೇ ಅವೇ ಪ್ರಶ್ನೆಗಳೂ ಬರುತ್ತವೆ. ಸುಲಭದವನ್ನು ಮೊದಲಿಟ್ಟು, ಲೆಕ್ಕ ಕೆದಕುವವರ ಪ್ರಶ್ನೆಗಳನ್ನು ಕೊನೆಗಿಟ್ಟಿದ್ದೇವೆ.

## ಮೊದಲ ಪರಿಚಯ

ಯಾರು ಈ ನೀಲ್ ಫಾಕ್ಸ್? ಹುಡುಕಿದರೆ ರೇಡಿಯೋ ನಿರೂಪಕರೊಬ್ಬರು ಸಿಗ್ತಾರೆ.

ಅವರು ಬೇರೆ, ಇವರು ಬೇರೆ. ನಾವು ಹೇಳುತ್ತಿರುವವರು 1939ರ ಮೇ 4ರಂದು ಇಂಗ್ಲೆಂಡಿನ ಯಾರ್ಕ್‌ಷೈರ್‌ನ ಶಾರ್ಲ್‌ಸ್ಟನ್‌ನಲ್ಲಿ ಹುಟ್ಟಿದ ರಗ್ಬಿ ಲೀಗ್ ಆಟಗಾರ. 1956ರಲ್ಲಿ, ಇನ್ನೂ 16ರ ಹುಡುಗನಾಗಿದ್ದಾಗಲೇ, ವೇಕ್‌ಫೀಲ್ಡ್ ಟ್ರಿನಿಟಿ ಕ್ಲಬ್ಬಿನ ಮೊದಲ ತಂಡಕ್ಕೆ ಬಂದರು. 1979ರವರೆಗೆ ಆಡಿದರು. 828 ಪಂದ್ಯ, 6,220 ಅಂಕ. ರಗ್ಬಿ ಲೀಗ್‌ನಲ್ಲಿ ಇಷ್ಟು ಅಂಕ ಗಳಿಸಿದವರು ಇನ್ನೊಬ್ಬರಿಲ್ಲ. ಹುಡುಕುವಾಗ ಹೆಸರಿನ ಜೊತೆ ‘ವೇಕ್‌ಫೀಲ್ಡ್’ ಸೇರಿಸಿ, ಗೊಂದಲ ತಪ್ಪುತ್ತದೆ.

ರಗ್ಬಿ ಲೀಗ್ ಅಂದ್ರೆ ನಮಗೆ ಗೊತ್ತಿರೋ ರಗ್ಬಿನೇ ತಾನೆ?

ಒಂದೇ ತಾಯಿಯ ಮಕ್ಕಳು, ಆದರೆ ಮನೆ ಬೇರೆಯಾಗಿ ನೂರಕ್ಕೂ ಹೆಚ್ಚು ವರ್ಷವಾಯಿತು. 1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್‌ನ ಜಾರ್ಜ್ ಹೋಟೆಲಿನಲ್ಲಿ ಉತ್ತರ ಇಂಗ್ಲೆಂಡಿನ ಕ್ಲಬ್ಬುಗಳು ಸಭೆ ಸೇರಿ ಬೇರೆಯಾದವು. ಜಗಳ ದುಡ್ಡಿನದು. ಶನಿವಾರ ಗಣಿ, ಗಿರಣಿಗೆ ರಜೆ ಹಾಕಿ ಆಡಲು ಬಂದವನಿಗೆ ಕಳೆದುಕೊಂಡ ಕೂಲಿ ತುಂಬಿಕೊಡಬೇಕೆಂದು ಉತ್ತರದವರು ಕೇಳಿದರು, ದಕ್ಷಿಣದ ಆಡಳಿತಗಾರರು ಒಪ್ಪಲಿಲ್ಲ.

ಆಮೇಲೆ ನಿಯಮಗಳೂ ದೂರವಾಗುತ್ತ ಹೋದವು. ಹಳೆಯ ಮನೆಯಲ್ಲೇ ಉಳಿದ ರಗ್ಬಿ ಯೂನಿಯನ್‌ನಲ್ಲಿ ತಂಡಕ್ಕೆ 15 ಜನ, ಲೀಗ್‌ನಲ್ಲಿ 1906ರಿಂದ 13. ಚೆಂಡು ಪಕ್ಕದ ಗೆರೆಯಾಚೆ ಹೋದಾಗ ಎರಡು ಸಾಲಾಗಿ ನಿಂತು ಅದಕ್ಕಾಗಿ ಹಾರುವ ಲೈನ್‌ಔಟ್ ಲೀಗ್‌ನಲ್ಲಿ ಇಲ್ಲ. ಚೆಂಡು ಹಿಡಿದವನನ್ನು ಕೆಡವಿದರೆ ಅವನು ಎದ್ದು ನಿಂತು ಚೆಂಡನ್ನು ಕಾಲಿನಿಂದ ಹಿಂದಕ್ಕೆ ತಳ್ಳುತ್ತಾನೆ, ಆಟ ಮುಂದುವರಿಯುತ್ತದೆ.

ಅಂಕ ಹೇಗೆ ಎಣಿಸ್ತಾರೆ?

ಫಾಕ್ಸ್ ಆಡಿದ ಕಾಲದ ಲೆಕ್ಕ ಇದು. ಎದುರಾಳಿಯ ಗೆರೆ ದಾಟಿ ಚೆಂಡನ್ನು ನೆಲಕ್ಕೆ ಒತ್ತಿದರೆ ಟ್ರೈ, 3 ಅಂಕ. ಟ್ರೈ ಆದ ಮೇಲೆ ಕಂಬಗಳ ನಡುವೆ, ಅಡ್ಡಪಟ್ಟಿಯ ಮೇಲಿಂದ ಒದೆಯುವ ಕನ್ವರ್ಷನ್‌ಗೆ 2. ಎದುರಾಳಿ ತಪ್ಪು ಮಾಡಿದಾಗ ಸಿಗುವ ಒದೆಯಿಂದ ಬರುವ ಪೆನಾಲ್ಟಿ ಗೋಲಿಗೆ 2. ಆಟ ನಡೆಯುತ್ತಿರುವಾಗಲೇ ಚೆಂಡನ್ನು ನೆಲಕ್ಕೆ ಬಿಟ್ಟು, ಪುಟಿದ ಕ್ಷಣಕ್ಕೆ ಒದೆಯುವುದು ಡ್ರಾಪ್ ಗೋಲ್. ಅದಕ್ಕೂ 2. ಈ ಮೂರು ಬಗೆಯ ಒದೆಗಳನ್ನೂ ಒಟ್ಟಾಗಿ ‘ಗೋಲ್’ ಎಂದೇ ಎಣಿಸುತ್ತಾರೆ.

ಮುಂದೆ ಎರಡು ಬದಲಾವಣೆ ಆದವು. ಬ್ರಿಟನ್ನಿನಲ್ಲಿ 1974ರಲ್ಲಿ ಡ್ರಾಪ್ ಗೋಲ್ 1 ಅಂಕಕ್ಕೆ ಇಳಿಯಿತು, 1983ರಲ್ಲಿ ಟ್ರೈ 4ಕ್ಕೆ ಏರಿತು. ಮೊದಲನೆಯದು ಫಾಕ್ಸ್ ಆಡುತ್ತಿದ್ದಾಗ ಬಂತು, ಎರಡನೆಯದು ಅವರು ಬಿಟ್ಟ ಮೇಲೆ. ಹಳೆಯ ಅಂಕಪಟ್ಟಿ ಓದುವಾಗ ಎಡವುವವರಲ್ಲಿ ಹೆಚ್ಚಿನವರು ಈ ಎರಡು ಇಸವಿ ಮರೆತವರೇ.

ಮನೆಯಲ್ಲಿ ಎಲ್ಲರೂ ರಗ್ಬಿಯವರಂತೆ ಹೌದಾ?

ಹೌದು. ಶಾರ್ಲ್‌ಸ್ಟನ್ ವೇಕ್‌ಫೀಲ್ಡ್ ಪಕ್ಕದ ಕಲ್ಲಿದ್ದಲು ಗಣಿಯ ಹಳ್ಳಿ. ಗ್ರೇಟ್ ಬ್ರಿಟನ್ ನಾಯಕ ಜಾಂಟಿ ಪಾರ್ಕಿನ್ ಹುಟ್ಟಿದ್ದೂ ಅಲ್ಲೇ. ಫಾಕ್ಸ್ ಮನೆಯ ಮೂವರು ಅಣ್ಣತಮ್ಮಂದಿರಲ್ಲಿ ನೀಲ್ ಕಿರಿಯವರು. ದೊಡ್ಡಣ್ಣ ಪೀಟರ್ ಆಟಗಾರನಾಗಿ ಮಾಡಿದ್ದಕ್ಕಿಂತ ಕೋಚ್ ಆಗಿ ಹೆಚ್ಚು ಹೆಸರು ಮಾಡಿದರು. ಅವರ ಕೈಯಲ್ಲಿ ಫೆದರ್‌ಸ್ಟನ್ ರೋವರ್ಸ್ 1973ರ ಚಾಲೆಂಜ್ ಕಪ್ (ಸೋತವರು ಹೊರಬೀಳುವ ನಾಕೌಟ್ ಪಂದ್ಯಾವಳಿ) ಗೆದ್ದಿತು, ಬ್ರಾಡ್‌ಫರ್ಡ್ ನಾರ್ದರ್ನ್ 1980 ಮತ್ತು 1981ರಲ್ಲಿ ಚಾಂಪಿಯನ್ ಆಯಿತು. ನಡುವಿನವರು ಡಾನ್. ಫೆದರ್‌ಸ್ಟನ್‌ನಲ್ಲಿ ಚೆಂಡು ಹಂಚುವ ಸ್ಕ್ರಮ್ ಹಾಫ್ ಆಗಿದ್ದು, ಆಮೇಲೆ ಮುಂದೆ ನಿಂತು ಗುದ್ದಾಡುವ ಫಾರ್ವರ್ಡ್ ಸಾಲಿಗೆ ಹೋದರು. 1965ರಲ್ಲಿ ವೇಕ್‌ಫೀಲ್ಡ್‌ಗೆ ಬಂದರು. ಈ ಡಾನ್ ಅವರ ಮಾತು ಕೆಳಗೆ ಮತ್ತೆ ಬರುತ್ತದೆ.

ನೀಲ್ ಯಾವ ಜಾಗದಲ್ಲಿ ಆಡ್ತಿದ್ದರು?

ಎಡ ಸೆಂಟರ್, ಎಂದರೆ ಮೈದಾನದ ಅಂಚಿನಲ್ಲಿ ಆಡುವ ವಿಂಗ್ ಆಟಗಾರನ ಒಳಪಕ್ಕ. ಆ ಜಾಗಕ್ಕೆ ಓಟವೂ ಬೇಕು, ಎದುರಿನವನನ್ನು ತಳ್ಳಿ ನುಗ್ಗುವ ಮೈಯೂ ಬೇಕು. ವಯಸ್ಸಾದಂತೆ ಫಾರ್ವರ್ಡ್ ಸಾಲಿಗೆ ಸರಿದರು. ಕೊನೆಯ ವರ್ಷಗಳ ಪಂದ್ಯಗಳಲ್ಲಿ ಅವರ ಹೆಸರು ಸೆಂಟರ್ ಜಾಗದಲ್ಲಿ ಕಾಣದಿದ್ದರೆ ಅಚ್ಚಿನ ದೋಷವೆಂದುಕೊಳ್ಳಬೇಡಿ. ಒದೆಯುತ್ತಿದ್ದುದು ಎಡಗಾಲಲ್ಲಿ.

ಜೀವನಪೂರ್ತಿ ಒಂದೇ ಕ್ಲಬ್ಬಾ?

ಅಲ್ಲ. 1969ರಲ್ಲಿ ಬ್ರಾಡ್‌ಫರ್ಡ್ ನಾರ್ದರ್ನ್‌ಗೆ ಹೋಗಿ ಮರುವರ್ಷವೇ ವೇಕ್‌ಫೀಲ್ಡ್‌ಗೆ ಮರಳಿದರು, 1974ರವರೆಗೆ ಅಲ್ಲಿದ್ದರು. ಆಟಗಾರ-ಕೋಚ್ ಕೆಲಸವನ್ನೂ ಮಾಡಿದರು. ಆಮೇಲೆ ಹಲ್ ಕಿಂಗ್‌ಸ್ಟನ್ ರೋವರ್ಸ್, ಯಾರ್ಕ್, ಬ್ರ್ಯಾಮ್ಲಿ, ಹಡರ್ಸ್‌ಫೀಲ್ಡ್, ಕೊನೆಗೆ ಮತ್ತೆ ಬ್ರಾಡ್‌ಫರ್ಡ್. ಆದರೂ ತೂಕವೆಲ್ಲ ವೇಕ್‌ಫೀಲ್ಡ್ ಕಡೆಗೇ: 574 ಪಂದ್ಯ, 272 ಟ್ರೈ, 1,836 ಗೋಲ್, 4,488 ಅಂಕ. ಒಟ್ಟು ಅಂಕದಲ್ಲಿ ಹತ್ತಕ್ಕೆ ಏಳು ಪಾಲಿಗಿಂತ ಹೆಚ್ಚು ಒಂದೇ ಕ್ಲಬ್ಬಿಗೆ ಬಂದದ್ದು.

## ವೆಂಬ್ಲಿ ಮತ್ತು ಅದರ ಸುತ್ತ

1960ರ ಫೈನಲ್‌ನಲ್ಲಿ ಒಬ್ಬರೇ 20 ಅಂಕ ಗಳಿಸಿದರಂತೆ, ಹೇಗೆ?

1960ರ ಮೇ 14, ಲಂಡನ್ನಿನ ವೆಂಬ್ಲಿ, ಚಾಲೆಂಜ್ ಕಪ್ ಫೈನಲ್. ವೇಕ್‌ಫೀಲ್ಡ್ 38, ಹಲ್ 5. ವೇಕ್‌ಫೀಲ್ಡ್ ಹೊಡೆದ 8 ಟ್ರೈಗಳಲ್ಲಿ 2 ಫಾಕ್ಸ್ ಅವರದು, 7 ಗೋಲುಗಳೂ ಅವರದೇ. 6 ಮತ್ತು 14, ಒಟ್ಟು 20. ಆಗ ಅವರಿಗೆ 21 ತುಂಬಿ ಹತ್ತು ದಿನವಾಗಿತ್ತು.

ಅಂಕ ನೋಡಿ ಹಲ್ ತಂಡವನ್ನು ಸುಮ್ಮನೆ ಹೀಗಳೆಯುವುದು ನ್ಯಾಯವಲ್ಲ. ಗಾಯಾಳುಗಳ ಸಾಲೇ ಇದ್ದುದರಿಂದ ಆ ತಂಡ ಮೈಕ್ ಸ್ಮಿತ್ ಎಂಬ ಹುಡುಗನನ್ನು ಅವನ ಮೊಟ್ಟಮೊದಲ ಪಂದ್ಯಕ್ಕೇ ವೆಂಬ್ಲಿಯಲ್ಲಿ ಇಳಿಸಬೇಕಾಯಿತು. ಪಂದ್ಯದ ಶ್ರೇಷ್ಠ ಆಟಗಾರನಿಗೆ ಕೊಡುವ ಲಾನ್ಸ್ ಟಾಡ್ ಟ್ರೋಫಿ ಕೂಡ 20 ಅಂಕದ ಫಾಕ್ಸ್‌ಗೆ ಸಿಗಲಿಲ್ಲ. ಸೋತ ಹಲ್ ತಂಡದ ಹುಕರ್ (ಫಾರ್ವರ್ಡ್ ಸಾಲಿನ ಆಟಗಾರ) ಟಾಮಿ ಹ್ಯಾರಿಸ್‌ಗೆ ಹೋಯಿತು. ತಲೆಗೆ ಪೆಟ್ಟು ಬಿದ್ದರೂ ಅವರು ಬಿಡದೆ ಆಡಿದ್ದರು. ಪತ್ರಕರ್ತರು ಮತ ಹಾಕಿ ಆರಿಸುವ ಬಹುಮಾನ ಇದು. ಆ ಸಲ ಅವರು ಅಂಕಪಟ್ಟಿ ಬಿಟ್ಟು ಆಟ ನೋಡಿದರು ಎನ್ನಬೇಕು.

ಪಂದ್ಯದಲ್ಲಿ ಬದಲಿ ಆಟಗಾರರು ಇರಲಿಲ್ವಾ?

ಇರಲಿಲ್ಲ. ಗಾಯಗೊಂಡವನ ಬದಲು ಇನ್ನೊಬ್ಬನನ್ನು ಇಳಿಸಲು ಅವಕಾಶ ಸಿಕ್ಕಿದ್ದು 1964ರಲ್ಲಿ, ಅದೂ ಮಧ್ಯಂತರದೊಳಗೆ ಮಾತ್ರ. ಅದಕ್ಕೆ ಮೊದಲು ಪೆಟ್ಟಾದವನನ್ನು ವಿಂಗ್‌ಗೆ ಕಳಿಸಿ ಲೆಕ್ಕಕ್ಕೆ ನಿಲ್ಲಿಸುತ್ತಿದ್ದರು, ಇಲ್ಲವಾದರೆ 12 ಜನರಲ್ಲೇ ಆಡುತ್ತಿದ್ದರು. 1958ರ ಬ್ರಿಸ್ಬೇನ್ ಟೆಸ್ಟ್‌ನಲ್ಲಿ ಬ್ರಿಟನ್ ನಾಯಕ ಅಲನ್ ಪ್ರೆಸ್ಕಾಟ್ ಆಟದ ಆರಂಭದಲ್ಲೇ ಕೈಮೂಳೆ ಮುರಿದುಕೊಂಡು, ಹಾಗೆಯೇ ಕೊನೆಯವರೆಗೂ ಆಡಿ 25–18ರಿಂದ ಗೆಲ್ಲಿಸಿದ ಕತೆ ಈ ನಿಯಮದ್ದೇ ಫಲ. ವೀರಗಾಥೆ ಸರಿ, ನಿಯಮ ಮಾತ್ರ ಕ್ರೂರವಾಗಿತ್ತು.

1962ರಲ್ಲಿ ಮೂರು ಡ್ರಾಪ್ ಗೋಲ್ ಹೊಡೆದದ್ದು ಅಷ್ಟು ದೊಡ್ಡ ವಿಷಯ ಯಾಕೆ?

ವೇಕ್‌ಫೀಲ್ಡ್ ಆ ಫೈನಲ್‌ನಲ್ಲಿ ಹಡರ್ಸ್‌ಫೀಲ್ಡ್ ಅನ್ನು 12–6ರಿಂದ ಸೋಲಿಸಿತು. ಆ 12ನ್ನು ಬಿಡಿಸಿ ನೋಡಿ. ಎರಡು ಟ್ರೈ, ಒಂದು ಫಾಕ್ಸ್ ಅವರದು, ಇನ್ನೊಂದು ಕೆನ್ ಹರ್ಸ್ಟ್ ಅವರದು. ಅಲ್ಲಿಗೆ 6. ಉಳಿದ 6 ಮೂರು ಡ್ರಾಪ್ ಗೋಲುಗಳಿಂದ, ಮೂರೂ ಫಾಕ್ಸ್ ಕಾಲಿನಿಂದ. ಒಂದು ಕನ್ವರ್ಷನ್ ಇಲ್ಲ, ಒಂದು ಪೆನಾಲ್ಟಿ ಗೋಲ್ ಇಲ್ಲ. ಚೆಂಡು ನೆಲದಲ್ಲಿಟ್ಟು ಒದೆಯುವುದಕ್ಕೆ ಹೆಸರಾದವರ ತಂಡಕ್ಕೆ ಆ ದಿನ ನೆಲದಿಂದ ಒಂದು ಅಂಕವೂ ಬರಲಿಲ್ಲ!

ಟ್ರೈಗೆ ದಾರಿ ಬಿಗಿಯಾದಾಗ ಡ್ರಾಪ್ ಗೋಲ್ ಕೀಲಿಕೈ. ಆದರೆ ಎದುರಾಳಿ ಮೈಮೇಲೆ ಬೀಳುತ್ತಿರುವಾಗ, ನೆಟ್ಟಗೆ ಪುಟಿಯದ ಮೊಟ್ಟೆಯಾಕಾರದ ಚೆಂಡನ್ನು ಸರಿಯಾದ ತುದಿಯ ಮೇಲೆ ಬೀಳಿಸಬೇಕು. ತುದಿ ತುಸು ವಾಲಿದರೂ ಚೆಂಡು ಪಕ್ಕಕ್ಕೆ ಹಾರುತ್ತದೆ. ಆ ಸಲ ಲಾನ್ಸ್ ಟಾಡ್ ಟ್ರೋಫಿ ಫಾಕ್ಸ್‌ಗೇ ಬಂತು.

ಅದೇ ವರ್ಷ ನಾಲ್ಕೂ ಕಪ್ ಕೈತಪ್ಪಿದ್ದು ಹೇಗೆ?

ಒಂದೇ ಋತುವಿನಲ್ಲಿ ಚಾಂಪಿಯನ್‌ಶಿಪ್, ಚಾಲೆಂಜ್ ಕಪ್, ಕೌಂಟಿ ಕಪ್, ಕೌಂಟಿ ಲೀಗ್ ಗೆಲ್ಲುವುದಕ್ಕೆ ‘ನಾಲ್ಕೂ ಕಪ್’ ಎನ್ನುತ್ತಿದ್ದರು. ಗೆದ್ದವರು ಮೂವರೇ: ಹನ್ಸ್‌ಲೆಟ್ (1907–08), ಹಡರ್ಸ್‌ಫೀಲ್ಡ್ (1914–15), ಸ್ವಿಂಟನ್ (1927–28). 1961–62ರಲ್ಲಿ ವೇಕ್‌ಫೀಲ್ಡ್ ಯಾರ್ಕ್‌ಷೈರ್ ಕಪ್, ಯಾರ್ಕ್‌ಷೈರ್ ಲೀಗ್ ಎರಡನ್ನೂ ಗೆದ್ದು, ವೆಂಬ್ಲಿಯನ್ನೂ ಗೆದ್ದು ನಾಲ್ಕನೆಯದರ ಹೊಸಿಲಿಗೆ ಬಂದು ನಿಂತಿತ್ತು. ವಾರದ ಹಿಂದೆ ಸೋಲಿಸಿದ ಹಡರ್ಸ್‌ಫೀಲ್ಡೇ ಎದುರಾಳಿ, ಬ್ರಾಡ್‌ಫರ್ಡ್‌ನ ಓಡ್ಸಲ್ ಮೈದಾನ. ಹಡರ್ಸ್‌ಫೀಲ್ಡ್ 14–5ರಿಂದ ಗೆದ್ದಿತು.

ಇದು ವೇಕ್‌ಫೀಲ್ಡ್‌ಗೆ ಹೊಸ ನೋವಲ್ಲ. 1960ರಲ್ಲೂ ವೆಂಬ್ಲಿ ಗೆದ್ದ ವಾರಕ್ಕೆ ಅದೇ ಓಡ್ಸಲ್‌ನಲ್ಲಿ ವಿಗನ್ ಎದುರು 27–3ರಿಂದ ಸೋತಿತ್ತು. 1963ರಲ್ಲಿ ಅದೇ ವಿಗನ್ ಅನ್ನು ವೆಂಬ್ಲಿಯಲ್ಲಿ 25–10ರಿಂದ ಸೋಲಿಸಿ ನಾಲ್ಕು ವರ್ಷದಲ್ಲಿ ಮೂರನೇ ಕಪ್ ತಂದಾಗ, ಫಾಕ್ಸ್ 5 ಗೋಲ್ ಹೊಡೆದರು. ಚಾಂಪಿಯನ್‌ಶಿಪ್ ಮಾತ್ರ 1967ರವರೆಗೆ ಕಾಯಿಸಿತು. ಲೀಡ್ಸ್‌ನ ಹೆಡಿಂಗ್ಲಿಯಲ್ಲಿ ಸೇಂಟ್ ಹೆಲೆನ್ಸ್ ಜೊತೆ 7–7 ಸಮ, ಸ್ವಿಂಟನ್‌ನಲ್ಲಿ ನಡೆದ ಮರುಪಂದ್ಯದಲ್ಲಿ 21–9 ಗೆಲುವು. ಕ್ಲಬ್ಬಿನ ಇತಿಹಾಸದಲ್ಲೇ ಮೊದಲನೆಯದು. ಮರುವರ್ಷ ಹಲ್ ಕಿಂಗ್‌ಸ್ಟನ್ ರೋವರ್ಸ್ ಎದುರು 17–10, ಎರಡನೆಯದು.

ವೆಂಬ್ಲಿಯಲ್ಲಿ ಕೊನೇ ನಿಮಿಷದ ಒದೆ ತಪ್ಪಿಸಿಕೊಂಡದ್ದು ನೀಲ್ ಅವರೇ ತಾನೆ?

ಅಲ್ಲ, ಅಲ್ಲ. ಅತಿ ಹೆಚ್ಚು ಬಾರಿ ತಿದ್ದಬೇಕಾಗಿ ಬರುವ ತಪ್ಪು ಇದೇ. 1968ರ ಮೇ 11ರ ಫೈನಲ್‌ನಲ್ಲಿ ಒದ್ದವರು ಅಣ್ಣ ಡಾನ್. ನೀಲ್ ಗಾಯದಿಂದಾಗಿ ಆ ಪಂದ್ಯ ಆಡಲೇ ಇಲ್ಲ. ಆಡಿದ್ದರೆ ಒದೆಯುವ ಕೆಲಸ ಅವರ ಪಾಲಿಗೆ ಬರುತ್ತಿತ್ತು, ಗೊಂದಲ ಹುಟ್ಟುವುದೂ ಅಲ್ಲಿಂದಲೇ.

ಆ ದಿನ ಗುಡುಗು ಮಳೆ ಸುರಿದು ಮೈದಾನ ಕೆರೆಯಾಗಿತ್ತು. ಆಟಗಾರರು ಓಡುವ ಬದಲು ಜಾರುತ್ತಿದ್ದರು. ಕೊನೆಯ ಹೊತ್ತಿಗೆ ಲೀಡ್ಸ್ 11, ವೇಕ್‌ಫೀಲ್ಡ್ 7. ಲೀಡ್ಸ್ ಆಟಗಾರ ಜಾರಿದಾಗ ಕೆನ್ ಹರ್ಸ್ಟ್ ಚೆಂಡನ್ನು ಮುಂದಕ್ಕೆ ಒದ್ದು, ಹಿಂದೆಯೇ ಓಡಿ ಕಂಬಗಳ ಬಳಿ ಟ್ರೈ ಹೊಡೆದರು. 11–10. ಕನ್ವರ್ಷನ್ ಆದರೆ 12–11, ಕಪ್ ವೇಕ್‌ಫೀಲ್ಡ್‌ಗೆ. ಕಂಬಗಳ ಎದುರಿಗೇ ಚೆಂಡು. ಡಾನ್ ಓಡಿ ಬಂದು ಒದ್ದರು, ಚೆಂಡು ಕಂಬದ ಹೊರಗೆ ಹೋಯಿತು. ಅವರು ನೀರಲ್ಲೇ ಮಂಡಿಯೂರಿ ಕುಸಿದರು. 87,100 ಜನ ನೋಡುತ್ತಿದ್ದರು.

ನೀರು ತುಂಬಿದ ನೆಲದಲ್ಲಿ ಒದೆ ಎಲ್ಲಿ ಕೆಡುತ್ತದೆ ಎಂದರೆ, ಒದೆಯುವ ಕಾಲಲ್ಲಿ ಅಲ್ಲ, ಊರಿದ ಕಾಲಲ್ಲಿ. ಚೆಂಡಿನ ಪಕ್ಕ ಊರಿದ ಪಾದ ಒಂದು ಅಂಗುಲ ಸರಿದರೆ ಸಾಕು, ಬೂಟಿನ ತುದಿ ಚೆಂಡಿನ ನಡುವಿಗೆ ತಾಗುವುದಿಲ್ಲ. ಜೊತೆಗೆ ಆಗಿನ ಚೆಂಡು ತೊಗಲಿನದು, ನೀರು ಕುಡಿದು ಭಾರವಾಗುತ್ತಿತ್ತು. ಆ ಪಂದ್ಯದ ಲಾನ್ಸ್ ಟಾಡ್ ಟ್ರೋಫಿ ಡಾನ್ ಅವರಿಗೇ ಸಿಕ್ಕಿತು. ಪತ್ರಕರ್ತರು ಕೊನೆಯ ಒದೆಗೆ ಮೊದಲೇ ಮತ ಹಾಕಿ ಮುಗಿಸಿದ್ದರು. ಆ ಆಟ ಅದಕ್ಕೆ ತಕ್ಕದ್ದೇ ಆಗಿತ್ತು. ಒಂದೇ ಒದೆಯಿಂದ ಅವರನ್ನು ಅಳೆಯುವವರು, ಅವರು ಫೆದರ್‌ಸ್ಟನ್‌ಗೆ ಹೊಡೆದ 162 ಟ್ರೈ ಆ ಕ್ಲಬ್ಬಿನ ದಾಖಲೆ ಎಂಬುದನ್ನು ಒಮ್ಮೆ ನೋಡಬೇಕು.

ದೇಶದ ಪರ ಎಷ್ಟು ಆಡಿದರು?

ಗ್ರೇಟ್ ಬ್ರಿಟನ್ ಪರ 1959ರಿಂದ 1969ರವರೆಗೆ 29 ಟೆಸ್ಟ್: 14 ಟ್ರೈ, 93 ಗೋಲ್, 228 ಅಂಕ. 1962ರಲ್ಲಿ ಎರಿಕ್ ಆಷ್ಟನ್ ನಾಯಕತ್ವದ ಆಸ್ಟ್ರೇಲಿಯಾ ಪ್ರವಾಸದಲ್ಲಿ ಆಷಸ್ 2–1ರಿಂದ ಗೆದ್ದ ತಂಡದಲ್ಲಿದ್ದರು. ಕ್ರಿಕೆಟ್ ಓದುಗರ ಗಮನಕ್ಕೆ: ರಗ್ಬಿ ಲೀಗ್‌ನಲ್ಲೂ ಬ್ರಿಟನ್–ಆಸ್ಟ್ರೇಲಿಯಾ ಸರಣಿಗೆ ಆಷಸ್ ಎಂದೇ ಹೆಸರು.

## ಲೆಕ್ಕ ಕೆದಕುವವರಿಗೆ

358 ಟ್ರೈ, 2,575 ಗೋಲ್. ಗುಣಿಸಿ ಕೂಡಿದ್ರೆ 6,224 ಬರುತ್ತೆ. 6,220 ಅಂತ ಯಾಕೆ ಬರೀತಾರೆ?

ಒಳ್ಳೆಯ ಪ್ರಶ್ನೆ, ಗುಣಾಕಾರವೂ ಸರಿ. 358 × 3 = 1,074. 2,575 × 2 = 5,150. ಕೂಡಿದರೆ 6,224. ಆ 4 ಎಲ್ಲಿ ಹೋಯಿತು?

ಮೇಲೆ ಹೇಳಿದ 1974ರ ಇಸವಿ ನೆನಪಿಸಿಕೊಳ್ಳಿ. ಅದಾದ ಮೇಲೆ ಫಾಕ್ಸ್ ಹೊಡೆದ 4 ಡ್ರಾಪ್ ಗೋಲುಗಳಿಗೆ ತಲಾ 1 ಅಂಕ ಮಾತ್ರ. ಗೋಲುಗಳ ಎಣಿಕೆಯಲ್ಲಿ ಅವೂ ಸೇರುತ್ತವೆ, ಅಂಕದಲ್ಲಿ ಅರ್ಧ. ಹಾಗಾಗಿ 2,571 × 2 = 5,142, ಜೊತೆಗೆ 4, ಜೊತೆಗೆ 1,074. ಸರಿಯಾಗಿ 6,220. 1974ನ್ನು ದಾಟಿ ಆಡಿದ ಯಾವ ಆಟಗಾರನ ಪಟ್ಟಿ ಸಿಕ್ಕರೂ ಮೊದಲು ಇದನ್ನು ಪರೀಕ್ಷಿಸಿ.

1961–62ರಲ್ಲಿ ಒಂದು ಕಡೆ 407 ಅಂಕ, ಇನ್ನೊಂದು ಕಡೆ 456. ಯಾವುದು ಸರಿ?

ಎರಡೂ ಸರಿ. 407 ವೇಕ್‌ಫೀಲ್ಡ್‌ಗಾಗಿ ಮಾತ್ರ: 27 ಟ್ರೈ, 163 ಗೋಲ್. 456 ಆ ಋತುವಿನ ಎಲ್ಲ ಪಂದ್ಯ ಸೇರಿಸಿ: 30 ಟ್ರೈ, 183 ಗೋಲ್. ಕ್ಲಬ್ ದಾಖಲೆ ಕೇಳಿದರೆ 407, ಆಟಗಾರನ ಋತು ಕೇಳಿದರೆ 456. ಇಡೀ ಆಟದಲ್ಲಿ ಒಂದೇ ಋತುವಿನ ದಾಖಲೆ ಇವರದಲ್ಲ. ಅದು 1956–57ರಲ್ಲಿ ಲೀಡ್ಸ್‌ನ ಲೂಯಿಸ್ ಜೋನ್ಸ್ ಗಳಿಸಿದ 496.

ಜಿಮ್ ಸಲಿವನ್ ಇವರಿಗಿಂತ ಹೆಚ್ಚು ಗೋಲ್ ಹೊಡೆದಿದ್ದಾರಲ್ಲ?

ಹೌದು, ವಿಗನ್‌ನ ಫುಲ್‌ಬ್ಯಾಕ್ ಸಲಿವನ್ ಹೊಡೆದದ್ದು 2,867 ಗೋಲ್. ಗೋಲಿನಲ್ಲಿ ಫಾಕ್ಸ್ 292 ಹಿಂದೆ. ಆದರೆ ಸಲಿವನ್ ಟ್ರೈ 96, ಫಾಕ್ಸ್ ಟ್ರೈ 358. ಆ ಅಂತರವೇ ಸಲಿವನ್ ಅವರ 6,022ನ್ನು ದಾಟಿಸಿತು. ಫಾಕ್ಸ್ ಅಂಕದಲ್ಲಿ ನೂರಕ್ಕೆ 17ರಷ್ಟು ಟ್ರೈಗಳಿಂದ ಬಂದದ್ದು, ಸಲಿವನ್‌ಗೆ ನೂರಕ್ಕೆ 5ಕ್ಕಿಂತ ಕಡಿಮೆ. ಹೀಗಾಗಿ ಫಾಕ್ಸ್ ಅವರನ್ನು ‘ಒದೆಯುವವರು’ ಎಂದಷ್ಟೇ ಕರೆಯುವುದು ನಮಗೆ ಒಪ್ಪಿಗೆಯಿಲ್ಲ. ಅವರು ಒದೆಯಲೂ ಬಲ್ಲ ಸೆಂಟರ್.

ಇವತ್ತಿನ ನಿಯಮದಲ್ಲಿ ಅವರ ಅಂಕ ಎಷ್ಟಾಗ್ತಿತ್ತು?

ಅರ್ಧ ಉತ್ತರ ಸುಲಭ. ಟ್ರೈಗೆ 4 ಎಂದರೆ 358 ಅಂಕ ಹೆಚ್ಚು, 6,578. ಆದರೆ 1974ಕ್ಕೆ ಮೊದಲಿನ ಪ್ರತಿ ಡ್ರಾಪ್ ಗೋಲಿಗೂ 1 ಅಂಕ ಕಳೆಯಬೇಕು. ಹಳೆಯ ಪಟ್ಟಿಗಳು ಎಲ್ಲ ಗೋಲುಗಳನ್ನೂ ಒಂದೇ ಅಂಕಣದಲ್ಲಿ ಬರೆದಿರುವುದರಿಂದ ಪಂದ್ಯ ಪಂದ್ಯದ ವರದಿ ತೆಗೆಯದೆ ಅದನ್ನು ಬೇರ್ಪಡಿಸಲಾಗದು. ಒಂದೊಂದು ಪಂದ್ಯಕ್ಕಾದರೆ ಮಾಡಬಹುದು. 1960ರ ಫೈನಲ್‌ನ 20 ಇಂದಿಗೆ 22. 1962ರ ಫೈನಲ್‌ನ 9 (ಒಂದು ಟ್ರೈ, ಮೂರು ಡ್ರಾಪ್) ಇಂದಿಗೆ 7.

ಆಗ ಟ್ಯಾಕಲ್ ಮಿತಿ ಇರಲಿಲ್ಲ, ಹಾಗಾಗಿ ಅಂಕ ಗಳಿಸೋದು ಸುಲಭ ಇತ್ತು ಅಂತಾರೆ?

ಅರ್ಧ ನಿಜ. ಟ್ಯಾಕಲ್ ಎಂದರೆ ಚೆಂಡು ಹಿಡಿದವನನ್ನು ಕೆಡವುವುದು. 1966ರವರೆಗೆ ಎಷ್ಟು ಸಲ ಕೆಡವಿದರೂ ಚೆಂಡು ಅದೇ ತಂಡದ್ದು. ಆ ವರ್ಷ ನಾಲ್ಕು ಟ್ಯಾಕಲ್ ಮಿತಿ ಬಂತು, 1972ರಲ್ಲಿ ಆರಾಯಿತು. ಮಿತಿ ಇಲ್ಲದ ಕಾಲದಲ್ಲಿ ಬಲವಾದ ಫಾರ್ವರ್ಡ್ ಸಾಲು ಇದ್ದ ತಂಡ ಚೆಂಡನ್ನು ಎದೆಗವಚಿಕೊಂಡು ಹತ್ತು ನಿಮಿಷ ತೆವಳಬಹುದಿತ್ತು. ಅಂಥ ಸಾಲಿನ ಹಿಂದೆ ಆಡುವ ಸೆಂಟರ್‌ಗೆ ಅದು ವರ. ಎದುರಿನ ತಂಡಕ್ಕೆ ಅಂಥ ಸಾಲು ಇದ್ದರೆ ಅದೇ ಸೆಂಟರ್ ಚೆಂಡು ಮುಟ್ಟದೆ ನಿಂತಿರಬೇಕು.

ನಾಲ್ಕು ಟ್ಯಾಕಲ್ ಬಂದ ಮೇಲೆ ಆಟ ಅವಸರದ್ದಾಯಿತು. ಚೆಂಡು ಬಿಟ್ಟುಕೊಡುವ ಮುನ್ನ ಒಂದು ಡ್ರಾಪ್ ಗೋಲ್ ಎಳೆದುಬಿಡೋಣ ಎಂಬ ಅಭ್ಯಾಸ ಹಬ್ಬಿ, ಅದರ ಬೆಲೆ ಇಳಿಸಬೇಕಾಯಿತು. ವೇಕ್‌ಫೀಲ್ಡ್ ತನ್ನ ಎರಡೂ ಚಾಂಪಿಯನ್‌ಶಿಪ್ ಗೆದ್ದದ್ದು ಈ ನಾಲ್ಕು ಟ್ಯಾಕಲ್ ಕಾಲದಲ್ಲಿ ಎಂಬುದನ್ನು ‘ಸುಲಭ ಇತ್ತು’ ಎನ್ನುವವರಿಗೆ ಹೇಳಬೇಕು.

ಆ ಕಾಲದಲ್ಲಿ ಚೆಂಡು ನಿಲ್ಲಿಸಿ ಒದೆಯುತ್ತಿದ್ದ ಕ್ರಮ ಹೇಗಿತ್ತು?

ಈಗಿನಂತೆ ಪ್ಲಾಸ್ಟಿಕ್ ಆಸರೆ ಇರಲಿಲ್ಲ. ಹಿಮ್ಮಡಿಯಿಂದ ನೆಲ ಕೆದರಿ ಗುಣಿ ಮಾಡಿ, ಚೆಂಡಿನ ತುದಿಯನ್ನು ಅದರಲ್ಲಿ ಊರಿ ನಿಲ್ಲಿಸುತ್ತಿದ್ದರು. ಸಾಮಾನ್ಯ ಕ್ರಮವೆಂದರೆ ನೇರ ಹಿಂದಕ್ಕೆ ನಡೆದು, ನೇರ ಓಡಿ ಬಂದು, ಗಟ್ಟಿ ಬೂಟಿನ ತುದಿಯಿಂದ ಹೊಡೆಯುವುದು. ಪಕ್ಕದಿಂದ ಬಳಸಿ ಬಂದು ಪಾದದ ಮೇಲ್ಭಾಗದಿಂದ ಹೊಡೆಯುವ ಶೈಲಿ ಆಮೇಲೆ ಹಬ್ಬಿತು. ತುದಿ ಒದೆಯಲ್ಲಿ ಚೆಂಡು ನೆಟ್ಟಗೆ ಹೋಗುತ್ತದೆ, ಆದರೆ ತಾಗುವ ಜಾಗ ತೀರ ಚಿಕ್ಕದು. ಗುಣಿ ಆಳವಾದರೆ ಬೂಟು ಮಣ್ಣಿಗೆ ಸಿಕ್ಕಿ ಚೆಂಡು ತಗ್ಗಿ ಹಾರುತ್ತದೆ, ಆಳ ಸಾಲದಿದ್ದರೆ ಗಾಳಿಗೆ ಚೆಂಡು ಉರುಳುತ್ತದೆ. ಋತು ಆಗಸ್ಟಿನಿಂದ ಮೇ ತನಕ, ನಡುವೆ ಇಡೀ ಚಳಿಗಾಲ, ಹಾಗಾಗಿ ಗುಣಿ ತೋಡಲು ಸಿಗುತ್ತಿದ್ದುದು ಬಹುಪಾಲು ಕೆಸರು. ಇಂಥ ನೆಲದಲ್ಲಿ ಪಂದ್ಯಕ್ಕೆ ಸರಾಸರಿ 3ಕ್ಕಿಂತ ಹೆಚ್ಚು ಗೋಲ್.

ವೇಕ್‌ಫೀಲ್ಡ್ ಕಡೆ ಹೋದರೆ ಅವರ ಗುರುತು ಏನಾದರೂ ಕಾಣುತ್ತಾ?

ಕಾಣುತ್ತದೆ. ಊರಿನ ಪೂರ್ವಭಾಗದ ಹೊಸ ರಸ್ತೆಗೆ ‘ನೀಲ್ ಫಾಕ್ಸ್ ವೇ’ ಎಂದು ಹೆಸರಿಟ್ಟಿದ್ದಾರೆ. ಕ್ಲಬ್ಬಿನ ಮೈದಾನ ಬೆಲ್ ವ್ಯೂ ಅದೇ ಊರಿನಲ್ಲಿದೆ. 1983ರಲ್ಲಿ ಅವರಿಗೆ ಬ್ರಿಟನ್ನಿನ ಎಂಬಿಇ ಗೌರವ ಬಂತು, 1989ರಲ್ಲಿ ರಗ್ಬಿ ಲೀಗ್ ಹಾಲ್ ಆಫ್ ಫೇಮ್‌ಗೆ ಸೇರಿದರು.

ಲೀಡ್ಸ್ ಕೂಡ ಹತ್ತಿರ. 1968ರ ಚಾಂಪಿಯನ್‌ಶಿಪ್ ಫೈನಲ್ ನಡೆದ ಹೆಡಿಂಗ್ಲಿ ರಗ್ಬಿ ಮೈದಾನ, ಕ್ರಿಕೆಟ್ ಮೈದಾನಕ್ಕೆ ಬೆನ್ನು ತಾಗಿಸಿಕೊಂಡಿದೆ. ಎರಡಕ್ಕೂ ನಡುವೆ ಒಂದೇ ಸ್ಟ್ಯಾಂಡ್: ಒಂದು ಪಕ್ಕ ಕೂತರೆ ರಗ್ಬಿ, ಇನ್ನೊಂದು ಪಕ್ಕ ಕೂತರೆ 2002ರಲ್ಲಿ ನಮ್ಮ ರಾಹುಲ್ ದ್ರಾವಿಡ್ 148 ಹೊಡೆದ ಅಂಗಳ.